ನಿಲ್ಲಿಸಿ ಹೋದ ಆಟ

"ಅವ್ವಾ, ದ್ಯಾವಪ್ಪ ಮಾಸ್ತರ ಟಿವಿ ಗೇಮ್ ಅಂಗಡಿಗೆ ಹೆಂಗ ಹೋಗಬೇಕು?"

ತಾರಾಮತಿ ದಾರಿ ತಪ್ಪಿ ಅದೇ ಹೊಳೆದಂಡೆಗೆ ಬಂದು ನಿಂತದ್ದು ಅದು ಮೂರನೇ ಸಲ. ಹದಿನಾಲ್ಕು ದೇಶ ಸುತ್ತಿದವಳಿಗೆ ಹುಟ್ಟಿದೂರಿನ ನಾಲ್ಕು ಓಣಿ ದಾರಿ ಬಿಡಲೊಲ್ಲವು.

ಬಟ್ಟೆ ಒಗೆಯುತ್ತಿದ್ದ ಮುದುಕಿ ತಲೆಯೆತ್ತಲಿಲ್ಲ. "ಆಟ ನಿಲ್ಲಿಸಿ ಹೋದಾಕಿ ನೀನೇನು?"

"ಹೌದವ್ವಾ."

"ಕೈಗಡಿಯಾರ ಬಿಚ್ಚಿ ಚೀಲದಾಗ ಹಾಕ್ಕೊ. ಎಡಕ್ಕ ಹೋಗು."

ಬಿಚ್ಚುವಾಗ ನೋಡಿದಳು. ಮುಳ್ಳು ಆಗಲೇ ನಿಂತಿತ್ತು.

ಎಡಕ್ಕೆ ತಿರುಗಿದರೆ ಅಂಗಡಿ. ಅದೇ ಹಸಿರು ಪರದೆ. ಒಳಗೆ ಊದಿನಕಡ್ಡಿಯ ಹೊಗೆ ಅರ್ಧಕ್ಕೇ ನಿಂತಿತ್ತು, ನೂಲು ಇಳಿಬಿಟ್ಟ ಹಾಗೆ. ಕುರ್ಚಿಯಲ್ಲಿ ಮಾಸ್ತರರು. ಅವರ ಕೂದಲು ಅಂದಿನಷ್ಟೇ ಕಪ್ಪು. ತಾರಾಮತಿಯದು ಅರ್ಧ ನೆರೆತಿತ್ತು.

"ಬಂದಿ? ಈಗ ಬಂದೆ ಅಂತ ಹೇಳಿ ಹೋಗಿದ್ದಿ."

"ಮೂವತ್ತೊಂದು ವರ್ಷ ಆತ್ರಿ ಮಾಸ್ತರ."

"ನಿನಗ ಆಗಿರಬೇಕು. ನನ್ನ ಚಾ ಇನ್ನೂ ಬಿಸಿ ಐತಿ."

ಟಿವಿಯಲ್ಲಿ ಅವಳ ಕತ್ತಿವೀರ ಮುರುಕು ಸೇತುವೆಯ ಮೇಲೆ ಜಿಗಿದವನು, ಗಾಳಿಯಲ್ಲೇ ಇದ್ದ. ಮೂಲೆಯಲ್ಲಿ ಉಳಿದ ಸೆಕೆಂಡು: ಏಳು.

ಹನ್ನೆರಡು ವರ್ಷದ ತಾರಾಮತಿ ಅವತ್ತು, ಅವನು ಸಾಯುವುದನ್ನು ನೋಡಲಾರದೆ, ಆಟ ನಿಲ್ಲಿಸುವ ಗುಂಡಿ ಒತ್ತಿ ಓಡಿದ್ದಳು. ಈ ಅಂಗಡಿಯಲ್ಲಿ ಕಟ್ಟಳೆ ಒಂದೇ. ನಿಲ್ಲಿಸಿದವರ ಕೈಯೇ ಬಿಡಿಸಬೇಕು.

"ಇಷ್ಟು ದಿವಸ ಏನು ಮಾಡಿದಿ?"

"ತಿರುಗಿದೆ. ಮುಗಿಯೂದಕ್ಕ ಮೊದಲ ಎದ್ದು ಬರತಿದ್ದೆ."

"ಏನು ಮುಗಿಯೂದಕ್ಕ?"

"ಕೆಲಸ, ಊರು. ಇಬ್ಬರು ಗಂಡಂದಿರು."

ಮಾಸ್ತರರು ನಕ್ಕರು. "ಅದೊಂದ ಗುಂಡಿ ಚಲೋ ಕಲ್ತಿ."

"ನಾನು ಅವತ್ತು ಒಂದು ಕೇಳಿದ್ದೆ. ವೈರಿ ಮುಟ್ಟಲಿಲ್ಲ, ಗುಂಡು ತಾಗಲಿಲ್ಲ. ಬರೇ ಹೊತ್ತು ಮುಗಿದರ ಇವನು ಯಾಕ ಸಾಯತಾನ? ನೀವು ಹೇಳಲೇ ಇಲ್ಲ."

"ಕುಂದ್ರು."

ಜಾಯ್‌ಸ್ಟಿಕ್ ಕೈಗೆತ್ತಿಕೊಂಡಳು. ಅದರ ಮೇಲೆ ಹನ್ನೆರಡರ ಹುಡುಗಿಯ ಕೈಬೆವರು ಇನ್ನೂ ಆರಿರಲಿಲ್ಲ.

"ಒತ್ತಿದರ ನಿಮಗೇನಾಗತೈತಿ?"

"ಮೂವತ್ತೊಂದು ವರ್ಷ ಒಮ್ಮೆಲೆ ಮೈಮ್ಯಾಲೆ ಬರತಾವು. ತಡಕೊಂಡರ ತಡಕೊಂಡೆ."

"ಹಂಗಾದರ ನಾ ಒತ್ತಂಗಿಲ್ಲ. ಹಿಂಗ ಇರ್ರಿ, ಬದುಕಿರ್ರಿ."

"ಬದುಕೇನ ಇದು? ಚಾದ ಕಪ್ಪು ಕೈಯಾಗೈತಿ, ಒಂದು ಗುಟುಕು ಗಂಟಲಕ್ಕ ಇಳಿದಿಲ್ಲ." ಮಾಸ್ತರರ ದನಿ ಗಡುಸಾಯಿತು. "ಈಗ ಬಂದೆ ಅಂದಾಕಿ ನೀನ. ಆ ಮಾತು ತೀರಿಸು."

ಒತ್ತಿದಳು.

ಹೊಗೆ ಸರ್ರನೆ ಮೇಲೇರಿತು. ಆರು. ಕತ್ತಿವೀರ ಹಲಗೆಯ ಮೇಲೆ ಬಿದ್ದು ಓಡತೊಡಗಿದ. ಐದು. ಪಕ್ಕದಲ್ಲಿ ಚಾ ಸೊರ್ರೆಂದು ಹೀರಿದ ಸದ್ದು. ನಾಲ್ಕು. ಟಿವಿಯ ಗಾಜಿನಲ್ಲಿ ಮಾಸ್ತರರ ತಲೆ ಬೆಳ್ಳಗಾಗುತ್ತಿತ್ತು, ಹೆಗಲು ಇಳಿಯುತ್ತಿತ್ತು.

ಅವಳ ಹೆಬ್ಬೆರಳು ತಾನಾಗಿ ನಿಲ್ಲಿಸುವ ಗುಂಡಿಯತ್ತ ಸರಿಯಿತು. ಅದರ ಮೇಲೆ ಕೂತಿತು. ತಾರಾಮತಿ ಅದನ್ನು ಎತ್ತಿ ಹಿಂದಕ್ಕೆ ತಂದಳು.

"ನನ್ನ ನೋಡಬ್ಯಾಡ ತಂಗಿ," ಅಂದಿತು ಹಣ್ಣು ಮುದುಕನ ದನಿ. "ಆಟ ನೋಡು. ಇನ್ನೂ ಮೂರು ಅದಾವು."