ಮಧ್ಯಾಹ್ನದ ಪುಟಗಳು

“ಗುರುಗಳೇ, ನನ್ನ ಗಾಂಜಾ ಚಟಕ್ಕೆ ಮೂಲ ಕಾರಣ ಏನೆಂದು ತಿಳಿದರೆ ಆ ದಿನವೇ ಬಿಟ್ಟುಬಿಡುತ್ತೇನೆ. ಅದನ್ನು ಕಂಡುಹಿಡಿಯುವುದು ಹೇಗೆ?” ಎಂದು ಶಿಷ್ಯನೊಬ್ಬ ಕೇಳಿದ. ಹೀಗೆ ಕೇಳುತ್ತಿರುವುದು ಇದು ಮೂರನೆಯ ವರ್ಷ. ಗುರು ಕನ್ನಡಕ ತೆಗೆದಿಟ್ಟು ಹೇಳಿದರು:

ಒಬ್ಬ ಕಾದಂಬರಿಕಾರನಿದ್ದ. ನಾಡಿಗೆಲ್ಲ ಹೆಸರಾದವನು. ಬೆಳಿಗ್ಗೆ ಕಾಫಿ ಕುಡಿದು ನಾಲ್ಕು ಪುಟ ಬರೆಯುತ್ತಿದ್ದ. ಊಟಕ್ಕೆ ಮುಂಚೆ ಬಾಟಲಿ ತೆರೆಯುತ್ತಿದ್ದ, ಊಟದ ಮೇಲೆ ಎರಡು ಮತ್ತಿನ ಮಾತ್ರೆ ನುಂಗುತ್ತಿದ್ದ, ಆಮೇಲೆ ಹತ್ತು ಪುಟ ಬರೆಯುತ್ತಿದ್ದ. ತನ್ನ ಪ್ರತಿಭೆಯೆಲ್ಲ ಆ ಹತ್ತು ಪುಟಗಳಲ್ಲಿದೆ ಎಂದು ನಂಬಿದ್ದ. ಸಭೆಗಳಲ್ಲಿಯೂ ಹಾಗೆಯೇ ಹೇಳುತ್ತಿದ್ದ. ಜನ ಚಪ್ಪಾಳೆ ತಟ್ಟುತ್ತಿದ್ದರು, ಮರುದಿನ ಬಾಟಲಿ ಕಳಿಸುತ್ತಿದ್ದರು.

ಅಚ್ಚಿಗೆ ಹೋಗುವ ಪ್ರತಿಯನ್ನು ಹೆಂಡತಿ ನಕಲು ಮಾಡುತ್ತಿದ್ದಳು. ಮಧ್ಯಾಹ್ನದ ಪುಟಗಳಲ್ಲಿ ಸತ್ತವರು ಊಟಕ್ಕೆ ಬರುತ್ತಿದ್ದರು, ಒಂದೇ ವಾಕ್ಯ ಆರು ಸಲ ಬರುತ್ತಿತ್ತು. ಆಕೆ ಅವನ್ನು ಪೆಟ್ಟಿಗೆಗೆ ಹಾಕಿ, ಬೆಳಗಿನ ಪುಟಗಳನ್ನಷ್ಟೇ ಕಳಿಸುತ್ತಿದ್ದಳು. ನಡುವೆ ಉಳಿದ ಸಂದುಗಳನ್ನು ವಿಮರ್ಶಕರು ‘ಹೇಳದೆ ಬಿಡುವ ಕಲೆ’ ಎಂದು ಹೊಗಳಿದರು. ಅಚ್ಚಾದ ತನ್ನ ಪುಸ್ತಕವನ್ನು ತೆರೆಯಬಾರದೆಂಬುದು ಕಾದಂಬರಿಕಾರನ ನಿಯಮ. ಹೀಗೆ ಇಪ್ಪತ್ತು ವರ್ಷ ಕಳೆಯಿತು.

ಒಂದು ದಿನ ವೈದ್ಯರು, ಇನ್ನೂ ಕುಡಿದರೆ ಈತ ಒಂದು ವರ್ಷ ದಾಟುವುದಿಲ್ಲ ಎಂದರು. “ಬಿಟ್ಟರೆ ಬರೆಯುವುದು ಹೇಗೆ?” ಎಂದ ಕಾದಂಬರಿಕಾರ. ಹೆಂಡತಿಗೆ ವಾದಿಸುವ ತ್ರಾಣ ಉಳಿದಿರಲಿಲ್ಲ. ಪೆಟ್ಟಿಗೆಯನ್ನು ಎಳೆದು ತಂದು ಅವನ ಮುಂದಿಟ್ಟಳು.

ಅವನು ಎರಡು ದಿನ ಓದಿದ.

“ಇದನ್ನೆಲ್ಲ ನಾನೇ ಬರೆದದ್ದಾ?”

“ನಿಮ್ಮ ಅಕ್ಷರವೇ ಅಲ್ವೇನ್ರೀ? ನನ್ನದು ಇದಕ್ಕಿಂತ ದುಂಡಗಿದೆ.”

“ಒಂದು ಪುಟವೂ ಅಚ್ಚಾಗಲಿಲ್ಲವಾ?”

“ಒಂದು ಆಗಿದೆ. ಆ ವಾರ ನನಗೆ ಜ್ವರ ಬಂದಿತ್ತು. ಓದಿದವರು ನಿಮ್ಮ ಆರೋಗ್ಯ ವಿಚಾರಿಸಿ ಕಾಗದ ಬರೆದಿದ್ದರು.”

ಅವನು ಬಾಟಲಿಗಳನ್ನು ಬಚ್ಚಲಿಗೆ ಸುರಿದ. ಮಾತ್ರೆಗಳನ್ನೂ ಎಸೆದ. ಅಂದು ಮಧ್ಯಾಹ್ನ ಆಕೆ ಎಷ್ಟೋ ವರ್ಷಗಳ ಮೇಲೆ ಕಣ್ಣುತುಂಬ ನಿದ್ದೆ ಮಾಡಿದಳು. ಅವನು ಮೂರು ದಿನ ನಡುಗುತ್ತ ಕುಳಿತಿದ್ದ. ನಾಲ್ಕನೆಯ ದಿನ ಚಪ್ಪಲಿ ಮೆಟ್ಟಿಕೊಂಡ.

“ಎಲ್ಲಿಗೆ?”

“ಇಪ್ಪತ್ತು ವರ್ಷ ಕಸ ಬರೆದೆ ಅಂತ ಗೊತ್ತಾದವನು ಕುಡಿಯದೆ ಇರೋದು ಹೇಗೆ, ನೀನೇ ಹೇಳು.”

ಹಳೆಯ ಕಾರಣಕ್ಕಿಂತ ಇದು ಗಟ್ಟಿಯಾಗಿತ್ತು. ವೈದ್ಯರು ಕೊಟ್ಟ ಗಡುವಿಗೆ ಎರಡು ತಿಂಗಳು ಮೊದಲೇ ಅವನು ತೀರಿಕೊಂಡ.

ಗುರು ಕತೆ ನಿಲ್ಲಿಸಿದರು. ಶಿಷ್ಯ ನಿಟ್ಟುಸಿರು ಬಿಟ್ಟು, “ಪಾಪ, ತಾನು ಕುಡಿಯುತ್ತಿದ್ದುದರ ನಿಜವಾದ ಕಾರಣ ಅವನಿಗೆ ಕೊನೆಗೂ ಸಿಗಲಿಲ್ಲ” ಎಂದ.

“ಅವನಿಗೆ ಎರಡು ಕಾರಣ ಸಿಕ್ಕಿದ್ದವಪ್ಪ; ಹುಡುಕುವ ನೆವದಲ್ಲಿ ನೀನು ಸೇದುತ್ತಿರುವ ಹಾಗೆ, ಅವನು ಆ ಎರಡರ ನೆವದಲ್ಲೂ ಕುಡಿದ” ಎಂದರು ಗುರು.