ಎಂದೂ ಇಲ್ಲದ ದಾರಿ

"ಗುರುಗಳೇ, ಕಾನೂನು ನನ್ನ ಕಡೆ ಇರುವಾಗ ನಾನೇಕೆ ಬಿಟ್ಟುಕೊಡಬೇಕು?" ಎಂದು ಶಿಷ್ಯ ಸಂಗಣ್ಣ ಕೇಳಿದ.

ಅವನ ಹಿತ್ತಲ ಆಚೆ ಕಾಶವ್ವ ಎಂಬ ಮುದುಕಿಯ ಜಾಗವಿತ್ತು. ಅಲ್ಲಿ ಮನೆ ಕಟ್ಟಲು ಆಕೆ ಅರ್ಜಿ ಹಾಕಿದ್ದಳು. ದಾರಿ ತೋರಿಸದೆ ಪರವಾನಗಿ ಇಲ್ಲ ಎಂದು ಪಂಚಾಯಿತಿಯವರು ಹೇಳಿದ್ದರು. ಆಕೆ ಓಡಾಡುವ ದಾರಿ ಸಂಗಣ್ಣನ ಹಿತ್ತಲಲ್ಲೇ ಹಾದುಹೋಗುತ್ತಿತ್ತು. ಅವನು ಒಪ್ಪದಿದ್ದಾಗ ಆಕೆ ಕೋರ್ಟಿಗೆ ಹೋಗಿದ್ದಳು. ಹಿತ್ತಲಲ್ಲಿ ದಾರಿಯೇ ಇಲ್ಲವೆಂದು ಬರೆಸಿದ ಅಫಿಡವಿಟ್ಟು ಈಗ ಅವನ ಕೈಯಲ್ಲಿತ್ತು. ಮರುದಿನ ಅದನ್ನು ಕೋರ್ಟಿಗೆ ಕೊಡಬೇಕಿತ್ತು.

ಗುರುಗಳು ಆ ಕಾಗದವನ್ನು ಓದಿದರು, ಮಡಿಸಿ ಹಿಂದಕ್ಕೆ ಕೊಟ್ಟರು. ಆಮೇಲೆ ಹೇಳಿದರು:

ಒಂದು ಊರಿನಲ್ಲಿ ಒಬ್ಬ ವರ್ತಕ ತನ್ನ ಹೊಲದಲ್ಲೇ ಮನೆ ಮಾಡಿಕೊಂಡಿದ್ದ. ಅವನ ಹೊಲದಾಚೆ ಬುಟ್ಟಿ ಹೆಣೆಯುವವನೊಬ್ಬ ಹೆಂಡತಿ ಮಕ್ಕಳೊಂದಿಗೆ ತಗಡಿನ ಸೂರಿನಡಿ ವಾಸವಾಗಿದ್ದ. ದೊಡ್ಡ ರಸ್ತೆಯಿಂದ ಒಂದು ಕಾಲುದಾರಿ ನಾಲ್ಕಾರು ಜನರ ಹೊಲಗಳ ಅಂಚು ಹಿಡಿದು ಬಂದು, ವರ್ತಕನ ಬಾಗಿಲು ದಾಟಿ, ಬುಟ್ಟಿಯವನ ಅಂಗಳದಲ್ಲಿ ಮುಗಿಯುತ್ತಿತ್ತು. ಅದು ಯಾವ ನಕಾಶೆಯಲ್ಲೂ ಇರಲಿಲ್ಲ. ಮೂವತ್ತು ವರ್ಷ ಯಾರೂ ಯಾರನ್ನೂ ತಡೆದಿರಲಿಲ್ಲ.

ಒಂದು ಮಳೆಗಾಲ ಬುಟ್ಟಿಯವನ ಗೋಡೆ ಬಿತ್ತು. ಎರಡು ಕೋಣೆ ಕಟ್ಟಿಕೊಳ್ಳಲು ಅವನು ಪರವಾನಗಿ ಕೇಳಿದ. ಗುಮಾಸ್ತ ದಾರಿ ಎಲ್ಲಿ ಎಂದ. ಇವನು ತನ್ನ ಪಾದ ತೋರಿಸಿದ. ಪಾದ ಸಾಲದು, ವರ್ತಕನ ಕೈಬರಹ ತಾ ಎಂದು ಗುಮಾಸ್ತ ಕಳಿಸಿದ.

ವರ್ತಕ ನಕ್ಕ. "ನಡೆಯಲು ಬಿಟ್ಟಿದ್ದೆ, ಅದನ್ನು ದಾರಿ ಅಂದಿದ್ದೆನೇನೋ? ಓಡಾಡಿದ್ದನ್ನೆಲ್ಲ ದಾರಿ ಅಂತ ಬರೆದುಕೊಟ್ಟರೆ, ನಾಳೆ ನನ್ನ ಉಗ್ರಾಣದ ಇಲಿಯೂ ಅರ್ಜಿ ಹಿಡಿದು ಬರುತ್ತೆ."

"ಇಲಿ ನಿಮಗೆ ಬುಟ್ಟಿ ಹೆಣೆದುಕೊಟ್ಟಿಲ್ಲ, ಸಾಹುಕಾರರೇ" ಎಂದು ಹೇಳಿ ಬುಟ್ಟಿಯವನು ಎದ್ದುಹೋದ. ಬೇರೆ ದಾರಿ ಕಾಣದೆ ಕೋರ್ಟಿಗೆ ಹೋದ.

ವರ್ತಕನ ವಕೀಲರು, ದಾರಿ ಇಲ್ಲವೆಂದು ನಿಮ್ಮ ಹೊಲದ ಅಂಚಿನಷ್ಟಕ್ಕೆ ಬರೆದರೆ ಸಾಕು ಎಂದರು. ವರ್ತಕ ಒಪ್ಪಲಿಲ್ಲ. ಅವನು ಮತ್ತೆ ತಲೆಯೆತ್ತಬಾರದು, ದೊಡ್ಡ ರಸ್ತೆಯಿಂದಲೇ ಬರೆಯಿರಿ ಎಂದ. ದೊಡ್ಡ ರಸ್ತೆಯಿಂದ ಬುಟ್ಟಿಯವನ ಅಂಗಳದವರೆಗೆ ದಾರಿ ಇಲ್ಲ, ಎಂದೂ ಇರಲಿಲ್ಲ ಎಂದು ಬರೆಸಿ ರುಜು ಹಾಕಿದ. ತೀರ್ಪೂ ಅದೇ ಮಾತಿನಲ್ಲಿ ಬಂತು.

ಬುಟ್ಟಿಯವನು ಊರು ಬಿಟ್ಟ. ಹೊರಡುವ ದಿನ ಅವನು ಆ ದಾರಿ ತುಳಿಯಲಿಲ್ಲ. ತಗಡು, ಬಿದಿರು ಹೊತ್ತುಕೊಂಡು, ಹೆಂಡತಿ ಮಕ್ಕಳನ್ನು ಕರೆದುಕೊಂಡು, ಮುಳ್ಳುಕಂಟಿಯ ನಡುವೆ ಕೆರೆ ಸುತ್ತಿಹೋದ.

ಎರಡು ವರ್ಷದ ಮೇಲೆ ವರ್ತಕನ ಮನೆಗೆ ಬೆಂಕಿ ಬಿತ್ತು. ಜೀವ ಉಳಿಯಿತು, ಮನೆ ಉಳಿಯಲಿಲ್ಲ. ಹೊಸದಾಗಿ ಕಟ್ಟಲು ಅವನು ಪರವಾನಗಿ ಕೇಳಿದ. ಅದೇ ಗುಮಾಸ್ತ, ದಾರಿ ಎಲ್ಲಿ ಎಂದ. ನನ್ನ ಬಾಗಿಲ ಮುಂದಿನ ದಾರಿ ನಿನಗೆ ಕಾಣದೇ ಎಂದು ವರ್ತಕ ಗದರಿದ. ಗುಮಾಸ್ತ ತೀರ್ಪಿನ ನಕಲು ತೆಗೆದು, ರುಜು ಇದ್ದ ಪುಟವನ್ನು ಅವನತ್ತ ತಿರುಗಿಸಿ ಇಟ್ಟ.

ವರ್ತಕ ಅದನ್ನು ಎರಡು ಸಲ ಓದಿದ.

ಹೊಲದವರ ಬಳಿ ಹೋದ. ದಾರಿ ಎಂದೂ ಇರಲಿಲ್ಲವೆಂದು ತಾವೇ ಹೇಳಿದ್ದೀರಲ್ಲ ಎಂದು ಅವರೆಲ್ಲ ಬೇಲಿ ಹಾಕಿಕೊಂಡರು. ಆ ದಾರಿಯ ಉದ್ದಕ್ಕೂ ಮೂವತ್ತು ವರ್ಷ ನಡೆದೆನೆಂದು ಸಾಕ್ಷಿ ಹೇಳಬಲ್ಲವನು ಇನ್ನೊಬ್ಬನೇ ಉಳಿದಿದ್ದ.

ವರ್ತಕ ಊರೂರು ಅಲೆದ. ಕೊನೆಗೆ ದೂರದ ಒಂದು ಪೇಟೆಯ ಮೂಲೆಯಲ್ಲಿ ಬಿದಿರು ಸೀಳುತ್ತಿದ್ದ ಬುಟ್ಟಿಯವನನ್ನು ಕಂಡ. ಕೋರ್ಟಿಗೆ ಬಂದು, ಅಲ್ಲಿ ದಾರಿ ಇತ್ತು ಎಂದು ಒಂದು ಮಾತು ಹೇಳು ಎಂದು ಬೇಡಿದ.

ಬುಟ್ಟಿಯವನು ಕತ್ತಿ ಕೆಳಗಿಟ್ಟ. "ಇಲಿಯ ಸಾಕ್ಷಿ ನಡೆಯುತ್ತದೆಯೇ, ಸಾಹುಕಾರರೇ?" ಎಂದು ಕೇಳಿದ.

ಗುರುಗಳು ಅಲ್ಲಿಗೆ ನಿಲ್ಲಿಸಿದರು.

ಸಂಗಣ್ಣ ಕೈಯಲ್ಲಿದ್ದ ಕಾಗದವನ್ನು ಮತ್ತೆ ಬಿಡಿಸಿ ನೋಡಿದ.

"ಅವನು ಸಾಕ್ಷಿ ಹೇಳಲು ಬಂದನೇ, ಗುರುಗಳೇ?"

"ಅದನ್ನು ಕಾಶವ್ವನನ್ನು ಕೇಳು" ಎಂದರು ಗುರುಗಳು.