ಸುರುಳಿ ರೊಟ್ಟಿ

ವರದಾ ನದಿಯ ದಂಡೆಯ ಮೇಲಿನ ಆ ಆಶ್ರಮದಲ್ಲಿ ಜಪಕ್ಕೆ ನಿಯಮವಿರಲಿಲ್ಲ, ಮೌನಕ್ಕೂ ನಿಯಮವಿರಲಿಲ್ಲ. ಊಟಕ್ಕೆ ಮಾತ್ರ ಒಂದಿತ್ತು. ಒಲೆ ಯಾರ ಕೈಯಲ್ಲಿದೆಯೋ ಅವರು ಉಳಿದವರೆಲ್ಲ ಉಂಡ ಮೇಲೆಯೇ ಉಣ್ಣಬೇಕು. ಒಬ್ಬರು ಉಪವಾಸ ಉಳಿದರೆ ಒಲೆಯವರೂ ಉಪವಾಸ.

ಮೊದಲು ಒಲೆ ಗುರುಗಳ ಕೈಯಲ್ಲೇ ಇತ್ತು. ಗುರುಸಿದ್ಧಮ್ಮ ಅಂತ ಅವರ ಹೆಸರು, ಎಲ್ಲರ ಬಾಯಲ್ಲೂ ಅವ್ವಾರು. ಮೊಣಕಾಲು ನೋವು ಹತ್ತಿದ ಮೇಲೆ ಅವರು ಸೌಟನ್ನು ಶಿಷ್ಯ ಅಡಿವೆಪ್ಪನಿಗೆ ಕೊಟ್ಟು ನದಿಯ ಮೆಟ್ಟಿಲು ಹಿಡಿದರು. ಕಾಲು ನೀರಿನಲ್ಲಿ ಇಳಿಬಿಟ್ಟು ಮೀನುಗಳಿಗೆ ರೊಟ್ಟಿಯ ಚೂರು ಹಾಕುತ್ತ ಕೂರುವರು.

ಅಡಿವೆಪ್ಪ ನಿಯಮವನ್ನು ಸಂತೋಷದಿಂದಲೇ ಪಾಲಿಸುತ್ತಿದ್ದ. ಅವನ ಅಡುಗೆ ಬೇಡವೆಂದವರು ಇದುವರೆಗೆ ಒಬ್ಬರೂ ಇರಲಿಲ್ಲ. ಹೊಟ್ಟೆ ತುಂಬುವುದು ಖಾತ್ರಿಯಿದ್ದವನಿಗೆ ನಿಯಮ ಪಾಲಿಸಲು ಏನು ಕಷ್ಟ?

ಈಗ ಮೂರು ದಿನದಿಂದ ಅವನ ಹೊಟ್ಟೆ ಚುರುಗುಟ್ಟುತ್ತಿತ್ತು. ಇನೆಸ್ ಉಣ್ಣುತ್ತಿರಲಿಲ್ಲ.

ಇನೆಸ್ ಮೆಕ್ಸಿಕೋ ದೇಶದ ಹೆಂಗಸು, ಅರವತ್ತು ದಾಟಿದವಳು. ದೀಪಾವಳಿಯ ಹೊತ್ತಿಗೆ ಬಂದು ನಾಲ್ಕು ದಿನ ಇರುತ್ತೇನೆ ಅಂದವಳು ಯುಗಾದಿ ಕಳೆದರೂ ಇದ್ದಳು. ಬೆಳಿಗ್ಗೆ ಅಂಗಳ ಗುಡಿಸುವಳು, ಮುರುಕು ಕನ್ನಡದಲ್ಲಿ ಎಲ್ಲರನ್ನೂ ಮಾತಾಡಿಸುವಳು, ಹುಣಸೆ ಮರದ ಕೆಳಗೆ ಕೂತು ತನ್ನಷ್ಟಕ್ಕೆ ನಗುವಳು.

ಹೀಗಿರುವಾಗ ಊರಿನಿಂದ ಫೋನು ಬಂತು. ಅವಳ ಅಕ್ಕ ತೀರಿಹೋಗಿದ್ದಳು. ಮಣ್ಣು ಮಾಡುವ ಹೊತ್ತಿಗೂ ಹೋಗಿ ಮುಟ್ಟಲಾಗದಷ್ಟು ದೂರ. ಇನೆಸ್ ತನ್ನ ಕೋಣೆ ಸೇರಿ ಕದ ಮುಂದೆ ಮಾಡಿಕೊಂಡಳು. ನೀರು ಬಿಟ್ಟರೆ ಇನ್ನೇನೂ ಒಳಗೆ ಹೋಗಲಿಲ್ಲ.

ಮೂರನೆಯ ದಿನ ಸಂಜೆ ಅಡಿವೆಪ್ಪ ಮೆಟ್ಟಿಲ ಹತ್ತಿರ ಬಂದ. ಅವ್ವಾರ ತಾಟು ಇಟ್ಟು ಅಲ್ಲಿಯೇ ನಿಂತ.

“ಅವ್ವಾರ, ಇನೆಸಮ್ಮ ಇವತ್ತೂ ಊಟ ಮುಟ್ಟಿಲ್ರಿ.”

“ಏನ್ ಮಾಡಿದ್ದಿ?”

“ಗೋಧಿ ಹುಗ್ಗಿ ಮಾಡಿದ್ದೆ. ಬೆಲ್ಲ ತುಸು ಹೆಚ್ಚಿಗೇ ಹಾಕಿದ್ದೆ. ಬಾಗಿಲಿಗೆ ಹೋಗಿ ಹೋಗಿ ಕರೆದೆ.”

“ಎಷ್ಟು ಸಲ ಕರೆದಿ?”

“ಲೆಕ್ಕ ಇಟ್ಟಿಲ್ರಿ.”

“ಆಕಿ ಇಟ್ಟಿರತಾಳ,” ಅಂದರು ಅವ್ವಾರು.

ಅಡಿವೆಪ್ಪ ತಲೆ ಕೆರೆದುಕೊಂಡ. ನದಿಯಲ್ಲಿ ಒಂದು ಮೀನು ಮೇಲೆ ಬಂದು ಚೂರು ಹಿಡಿದು ಮುಳುಗಿತು.

“ನಿನಗ ಚಿಂತಿ ಆಕಿದೋ, ನಿನ್ನ ಹೊಟ್ಟಿದೋ?”

ಅಡಿವೆಪ್ಪ ಗುರುಗಳ ಮುಂದೆ ಸುಳ್ಳು ಹೇಳುವವನಲ್ಲ. “ಮೊದಲನೇ ದಿನ ಆಕಿದಿತ್ರಿ. ನಿನ್ನೆ ಎರಡೂ ಕೂಡಿದ್ದವು. ಇವತ್ತು ಮುಂಜಾನೆ ಕಣ್ಣಿಗೆ ಕತ್ತಲಿ ಬಂದಾಗ ಬರೇ ನನ್ನದ ಇತ್ತು. ಆಮ್ಯಾಲೆ ಕಿಟಕಿಯಾಗ ಆಕಿ ಮುಖ ನೋಡಿದೆ. ಗಲ್ಲ ಒಳಗ ಹೋಗ್ಯಾವ. ಈಗ ಮತ್ತ ಆಕಿದ ಚಿಂತಿ ಐತ್ರಿ. ಹೆದರಿಕಿ ಆಗತೈತಿ.”

“ಆಕಿ ನಿನ್ನ ಕಡೆ ಏನರೆ ಕೇಳಿದ್ದಳೇನು?”

“ಇಲ್ರಿ. ಬ್ಯಾಡ ಅಂತಾಳ, ಅಷ್ಟ.”

“ಈಗಿಂದಲ್ಲ. ಬಂದ ಹೊಸದಾಗ.”

ಅಡಿವೆಪ್ಪ ನೆನಪು ಮಾಡಿಕೊಂಡ. ಹೌದು, ಕೇಳಿದ್ದಳು.

ಆಗ ಅಂಗಳದಲ್ಲಿ ಗೋವಿನಜೋಳ ಒಣಗಲು ಹರವಿತ್ತು. ಇನೆಸ್ ಅದನ್ನು ಕಂಡು ಹೆಜ್ಜೆ ನಿಲ್ಲಿಸಿದಳು. ಒಂದು ಬೊಗಸೆ ಎತ್ತಿ ಮೂಗಿಗೆ ಹಿಡಿದಳು. ಆಮೇಲೆ ತೋಳು ಮೇಲೇರಿಸಿಕೊಂಡು ನೇರ ಅಡುಗೆಮನೆಗೇ ಬಂದಳು. ಬಾರದ ಕನ್ನಡವನ್ನು ಕೈಯಿಂದ ತುಂಬಿಸಿ ಹೇಳಿದಳು: ಈ ಕಾಳಿನ ಹಿಟ್ಟಿನ ತೆಳು ರೊಟ್ಟಿ, ಒಳಗೆ ಆಲೂಗಡ್ಡೆ, ಹೀಗೆ ಸುತ್ತುವುದು, ಎಣ್ಣೆಯಲ್ಲಿ ಕರಿಯುವುದು, ಕುರುಮ್. ಅವಳ ದೇಶದಲ್ಲಿ ಅದಕ್ಕೆ ಕೊಳಲು ಅಂತಲೇ ಹೆಸರಂತೆ. ಅಕ್ಕ ಸುತ್ತುವಳಂತೆ, ತಂಗಿ ಕರಿಯುವಳಂತೆ. ಹೇಳುತ್ತಲೇ ಅವಳ ಕೈ ಹಂಚಿನ ಕಡೆ ಹೋಗಿತ್ತು.

“ಮುಟ್ಟಬ್ಯಾಡ್ರಿ,” ಅಂದಿದ್ದ ಅಡಿವೆಪ್ಪ. ಬಹಳ ಮರ್ಯಾದೆಯಿಂದ ಅಂದಿದ್ದ. “ನೀವು ಅತಿಥಿಗಳು. ಹೋಗಿ ಕುಂದರ್ರಿ, ಬಿಸಿ ರೊಟ್ಟಿ ತರತೀನಿ.”

ಅವಳು ಮತ್ತೆ ಬಂದಳು. ಮತ್ತೆ ಅದೇ ಮಾತು. ಇನ್ನೊಂದು ಸಲ ಬರೀ ಹೊಸ್ತಿಲ ತನಕ ಬಂದಳು. ಆಮೇಲೆ ಅಂಗಳ ಗುಡಿಸುವುದನ್ನು ಹಿಡಿದಳು. ಪರದೇಶದವರನ್ನು ಎಷ್ಟು ಚಂದ ನೋಡಿಕೊಂಡೆ ಅಂತ ಅಡಿವೆಪ್ಪನಿಗೆ ಒಳಗೊಳಗೇ ಹೆಮ್ಮೆಯಿತ್ತು. ಅವ್ವಾರ ಮುಂದೆ ಇದನ್ನೆಲ್ಲ ಹೇಳುವಾಗ ಆ ಹೆಮ್ಮೆ ಯಾಕೋ ಅರ್ಧದಲ್ಲೇ ಕೈಕೊಟ್ಟಿತು.

“ಅದನ್ನ ಮಾಡು,” ಅಂದರು ಅವ್ವಾರು.

“ನನಗ ಬರೂದಿಲ್ರಿ.”

“ಬರತಿದ್ದರ ನಿನಗ ಹೇಳತಿದ್ದಿಲ್ಲ.”

“ನಿಮಗ ಗೊತ್ತೈತೇನ್ರಿ ಅವ್ವಾರ, ಹೆಂಗ ಮಾಡೂದು ಅಂತ?”

ಅವ್ವಾರು ತಾಟಿನಿಂದ ಒಂದು ಚೂರು ಮುರಿದು ನೀರಿಗೆ ಎಸೆದರು.

“ಕದ ಹಾಕ್ಕೋಬ್ಯಾಡ,” ಅಂದರು.

ಅಡಿವೆಪ್ಪ ಅಡುಗೆಮನೆಗೆ ಹೋಗಿ ಮೊದಲು ಮಾಡಿದ ಕೆಲಸ ಕದ ಹಾಕಿಕೊಂಡದ್ದು. ಬಾರದ ಕೆಲಸವನ್ನು ನಾಲ್ಕು ಮಂದಿಯ ಕಣ್ಣೆದುರು ಮಾಡುವುದು ಯಾವ ಅಡುಗೆಯವನಿಗೆ ಬೇಕು?

ಖಡಕ್ ರೊಟ್ಟಿ ಗರಿಗರಿಯಾಗಿರುತ್ತದೆ, ಅರ್ಧ ಕೆಲಸ ಉಳಿಯಿತು ಅಂದುಕೊಂಡ. ಆಲೂಗಡ್ಡೆ ಇಟ್ಟು ಸುತ್ತಹೋದ. ರೊಟ್ಟಿ ಚಟ್ಟಂತ ಮುರಿದು ಚೂರು ಚೂರಾಯಿತು.

ಬಿಸಿ ರೊಟ್ಟಿ ಬಡಿದ. ಅಂಚು ಸೀಳಿದರೂ ಹೇಗೋ ಸುತ್ತಿಕೊಂಡಿತು. ಎಣ್ಣೆಗೆ ಬಿಟ್ಟ. ಬಿಟ್ಟವನು ಸುಮ್ಮನಿರದೆ ಸೌಟಿನಿಂದ ಅಲುಗಿಸಿದ, ಹೊರಳಿಸಿದ, ಒತ್ತಿ ಹಿಡಿದ. ಸುರುಳಿ ಆರಾಮವಾಗಿ ಕೈಕಾಲು ಚಾಚಿ ಬಿಚ್ಚಿಕೊಂಡಿತು. ಆಲೂಗಡ್ಡೆ ಬಾಣಲೆಯ ತುಂಬ ಚದುರಿ, ಎಣ್ಣೆ ಸಿಡಿದು ಅವನ ಮುಂಗೈ ಚುರ್ರೆಂದಿತು.

ಕೊನೆಗೆ ಅವನಿಗೊಂದು ಉಪಾಯ ಹೊಳೆಯಿತು. ಆಶ್ರಮದಲ್ಲಿ ಪತ್ರಾವಳಿ ಹಚ್ಚುವ ಕಡ್ಡಿಗಳಿದ್ದವು. ಎಲೆಗೆ ಎಲೆ ಸೇರಿಸಿ ಚುಚ್ಚುವ ಹಾಗೆ ಸುರುಳಿಯನ್ನೂ ಕಡ್ಡಿಯಿಂದ ಚುಚ್ಚಿದ. ನಿಂತಿತು. ಕರಿದ. ಆಗಲೂ ನಿಂತಿತು. ಅಡಿವೆಪ್ಪ ಹಸಿವನ್ನೂ ಮರೆತು ನಕ್ಕ.

ಮರುದಿನ ಬೆಳಿಗ್ಗೆ ಅವ್ವಾರು ಗೋಡೆ ಹಿಡಿದುಕೊಂಡು ಅಡುಗೆಮನೆಗೆ ಬಂದರು. ಅವನೇ ಕದ ತೆರೆದು ತಾಟು ಮುಂದೆ ಹಿಡಿದ.

“ಆತ್ರಿ ಅವ್ವಾರ. ಈಗ ಇನೆಸಮ್ಮಗ ಒಯ್ಯಲೇನ್ರಿ?”

ಅವ್ವಾರು ಒಂದು ಸುರುಳಿ ಎತ್ತಿಕೊಂಡರು. ತಿರುಗಿಸಿ ನೋಡಿದರು. ಮೆಲ್ಲಗೆ ಕಡ್ಡಿ ಎಳೆದರು.

ಸುರುಳಿ ಅವರ ಅಂಗೈಯಲ್ಲೇ ಬಿಚ್ಚಿಕೊಂಡು ಎರಡಾಗಿ ಬಿತ್ತು.

“ಕಡ್ಡಿ ಸುದ್ದಾ ತಿನ್ನಬೇಕೇನು ಆಕಿ?”

ಅಡಿವೆಪ್ಪನ ಮುಖ ಸಪ್ಪಗಾಯಿತು. ಅಳುವೇ ಬರುವಂತಿತ್ತು. ನಾಲ್ಕನೆಯ ದಿನದ ಹಸಿವು, ಸುಟ್ಟ ಮುಂಗೈ, ಅದರ ಮೇಲೆ ಇದು.

ಅವ್ವಾರು ಬಗ್ಗಿ, ಒರಳಿನ ಗುಂಡನ್ನು ಎರಡೂ ಕೈಯಿಂದ ಉರುಳಿಸಿಕೊಂಡು ಹೋಗಿ ತೆರೆದ ಕದಕ್ಕೆ ಆನಿಸಿ ಇಟ್ಟರು. ಇನ್ನು ಆ ಕದ ಮುಚ್ಚುವುದು ಸಾಧ್ಯವಿರಲಿಲ್ಲ. ಮೊಣಕಾಲು ಸವರಿಕೊಂಡು ನದಿಯ ಕಡೆ ಹೊರಟುಹೋದರು.

ಅಡಿವೆಪ್ಪ ಮತ್ತೆ ಹಿಟ್ಟು ನಾದಿದ, ಮತ್ತೆ ಬಡಿದ, ಮತ್ತೆ ಸುತ್ತಿ ಎಣ್ಣೆಗೆ ಬಿಟ್ಟ. ಒಂದು ಬಿಚ್ಚಿತು, ಇನ್ನೊಂದು ಕರಟಿತು. ಗೋವಿನಜೋಳದ ಕಮಟು ವಾಸನೆ ತೆರೆದ ಕದದಿಂದ ಹೊರಬಿದ್ದು ಅಂಗಳ ದಾಟಿತು. ಹಾದುಹೋಗುವವರೆಲ್ಲ ಒಳಗೆ ಇಣುಕಿ ಮೂಗು ಮುಚ್ಚಿಕೊಂಡು ನಡೆದರು. ಅವನಿಗೆ ನಾಚಿಕೆಯಾಯಿತು. ಆದರೆ ಅವ್ವಾರು ಇಟ್ಟ ಗುಂಡನ್ನು ಸರಿಸುವ ಧೈರ್ಯ ಬರಲಿಲ್ಲ.

ಸೌಟು ಹಿಡಿದು ಇನ್ನೊಂದು ಸುರುಳಿಯ ಮೇಲೆ ಬಗ್ಗಿದ್ದ. ಆಗ ಬಾಗಿಲಲ್ಲಿ ದನಿ ಕೇಳಿತು.

“ಮುಟ್ಟಬ್ಯಾಡ್ರಿ.”

ತನ್ನದೇ ಮಾತು, ತನ್ನದೇ ರಾಗ. ಅಡಿವೆಪ್ಪ ತಿರುಗಿ ನೋಡಿದ.

ಇನೆಸ್ ಹೊಸ್ತಿಲಲ್ಲಿ ನಿಂತಿದ್ದಳು. ಕೂದಲು ಕೆದರಿತ್ತು, ಕಣ್ಣು ಬಾತಿದ್ದವು. ಒಂದು ಕೈ ಬಾಗಿಲ ಚೌಕಟ್ಟನ್ನು ಹಿಡಿದಿತ್ತು. ದೃಷ್ಟಿ ಮಾತ್ರ ಬಾಣಲೆಯ ಮೇಲೆ. ಒಳ್ಳೆಯ ಅಡುಗೆಯವರು ಕೆಟ್ಟ ಅಡುಗೆಯನ್ನು ನೋಡುವಾಗ ಮುಖದಲ್ಲಿ ಒಂದು ಸಂಕಟ ಮೂಡುತ್ತದೆ. ಆ ಸಂಕಟ ಅವಳ ದುಃಖವನ್ನೂ ಪಕ್ಕಕ್ಕೆ ಸರಿಸಿ ಮುಂದೆ ಬಂದು ನಿಂತಿತ್ತು.

ಅಡಿವೆಪ್ಪನ ನಾಲಿಗೆಯ ತುದಿಗೆ “ನೀವು ಅತಿಥಿಗಳು” ಅಂತ ಬಂತು. ಅದನ್ನು ನುಂಗಿಕೊಂಡ. ಸೌಟನ್ನು ಎರಡೂ ಕೈಯಿಂದ ಅವಳ ಮುಂದೆ ಹಿಡಿದ.

ಅವಳು ಸೌಟು ತೆಗೆದುಕೊಂಡು ಪಕ್ಕಕ್ಕಿಟ್ಟಳು. ತೋಳು ಮೇಲೇರಿಸಿದಳು.

ಹಿಟ್ಟಿಗೆ ಬಿಸಿನೀರು ಹಾಕಿ ಇನ್ನಷ್ಟು ನಾದಿದಳು. ತೆಳ್ಳಗೆ ತಟ್ಟಿ, ಹಂಚಿನ ಮೇಲೆ ಅರೆಬರೆ ಬೇಯಿಸಿ, ಒದ್ದೆ ಬಟ್ಟೆಯಲ್ಲಿ ಒಂದರ ಮೇಲೊಂದು ಮುಚ್ಚಿಟ್ಟಳು. ಅಡಿವೆಪ್ಪ ಬಟ್ಟೆಯ ಕಡೆ ಕೈ ಚಾಚಿದ.

“ಮುಟ್ಟಬ್ಯಾಡ್ರಿ.”

ಕೈ ಹಿಂದಕ್ಕೆ ಬಂತು. ಸ್ವಲ್ಪ ಹೊತ್ತಿನ ಮೇಲೆ ಅವಳೇ ಬಟ್ಟೆ ಬಿಚ್ಚಿದಳು. ರೊಟ್ಟಿ ತನ್ನದೇ ಹಬೆಯಲ್ಲಿ ಮೆತ್ತಗಾಗಿತ್ತು. ಆಲೂಗಡ್ಡೆಯನ್ನು ಸಣ್ಣಗೆ ಉದ್ದಕ್ಕೆ ಇಟ್ಟು ಬಿಗಿಯಾಗಿ ಸುತ್ತಿದಳು. ಎಲ್ಲೂ ಸೀಳಲಿಲ್ಲ. ಸುತ್ತಿದ ಅಂಚು ಕೆಳಗೆ ಬರುವಂತೆ ಹಿಡಿದು, ಮೆಲ್ಲಗೆ ಎಣ್ಣೆಯಲ್ಲಿ ಮಲಗಿಸಿ, ಕೈ ತೆಗೆದು ಸೊಂಟದ ಮೇಲೆ ಇಟ್ಟುಕೊಂಡು ನಿಂತಳು.

ಎಣ್ಣೆ ಗದ್ದಲ ಮಾಡಿತು. ಸುರುಳಿ ಒಂದಿಷ್ಟು ನಡುಗಿತು. ಅಡಿವೆಪ್ಪನ ಬೆರಳು ಚಡಪಡಿಸಿದವು, ಅವನು ಕೈಯನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡ. ಮೆಲ್ಲಗೆ ಗದ್ದಲ ಇಳಿಯಿತು. ಅವಳು ಸೌಟಿನ ತುದಿಯಿಂದ ಹೊರಳಿಸಿದಳು. ಅಂಚು ಕಚ್ಚಿಕೊಂಡು ಬಂಗಾರದ ಬಣ್ಣಕ್ಕೆ ತಿರುಗಿತ್ತು. ಕಡ್ಡಿಯಿಲ್ಲ, ದಾರವಿಲ್ಲ, ಒತ್ತಿ ಹಿಡಿದವರಿಲ್ಲ.

“ಅಕ್ಕ ಸುತ್ತತಾಳ,” ಅಂದಳು ಇನೆಸ್. “ನಾನು ಕರೀತೀನಿ.”

ಅಷ್ಟು ಹೇಳುವಾಗ ಅವಳ ಕಣ್ಣಿಂದ ನೀರು ಇಳಿಯತೊಡಗಿತು. ಒರೆಸಿಕೊಳ್ಳಲಿಲ್ಲ. ಒಂದು ರೊಟ್ಟಿ ಎತ್ತಿ ಅಡಿವೆಪ್ಪನ ಕೈಯಲ್ಲಿ ಇಟ್ಟಳು.

“ನೀವು ಸುತ್ರಿ.”

ಅವನು ಸುತ್ತಿದ. ಮೊದಲನೆಯದು ಸಡಿಲಾಯಿತು. ಅವಳು ಅದನ್ನು ಬಿಚ್ಚಿ ಅವನಿಗೇ ವಾಪಸು ಕೊಟ್ಟಳು. ಎರಡನೆಯದು ನಿಂತಿತು. ಅವನು ಸುತ್ತುತ್ತ ಹೋದ, ಅವಳು ಕರಿಯುತ್ತ ಹೋದಳು.

ಬುಟ್ಟಿ ತುಂಬುವ ಹೊತ್ತಿಗೆ ಇನೆಸ್ ಒಂದನ್ನು ಎತ್ತಿಕೊಂಡಳು. ಊದಿದಳು. ಒಲೆಯ ಪಕ್ಕ ನಿಂತಂತೆಯೇ ಕಚ್ಚಿದಳು.

ಕುರುಮ್ ಅಂತ ಸದ್ದಾಯಿತು.

ಅಡಿವೆಪ್ಪನಿಗೆ ಹೋದ ಜೀವ ಬಂದಂತಾಯಿತು. ಇನ್ನೊಂದು ತಗೊಳ್ರಿ ಅನ್ನಲು ಬಾಯಿ ತೆರೆದವನು ಹಾಗೇ ಮುಚ್ಚಿಕೊಂಡ. ಅವಳು ತಾನಾಗಿಯೇ ಇನ್ನೊಂದಕ್ಕೆ ಕೈ ಹಾಕಿದಳು.

ಅಂದು ಮಧ್ಯಾಹ್ನದ ಪಂಕ್ತಿಯಲ್ಲಿ ಇನೆಸ್ ಎಲ್ಲರ ಜೊತೆ ಕೂತಳು. ಮೂಗು ಮುಚ್ಚಿಕೊಂಡು ಹೋದವರೇ ಮೊದಲು ಬಂದು ಎಲೆ ಹಿಡಿದರು. ತನ್ನ ಅಕ್ಕನ ಹೆಸರು ಹೇಳಿ ಅವಳು ಎಲ್ಲರಿಗೂ ತಾನೇ ಬಡಿಸಿದಳು, ಅಡಿವೆಪ್ಪ ಬುಟ್ಟಿ ಹಿಡಿದುಕೊಂಡು ಹಿಂದೆ ಹಿಂದೆ ನಡೆದ.

ಪಂಕ್ತಿ ಎದ್ದ ಮೇಲೆ ಅವನು ಎರಡು ತಾಟು ಹಿಡಿದು ಹೊರಬಿದ್ದ. ಒಂದರಲ್ಲಿ ತನ್ನ ಪಾಲಿಗೆ ಉಳಿದ ಬಂಗಾರದ ಬಣ್ಣದ ಸುರುಳಿಗಳು. ಇನ್ನೊಂದರಲ್ಲಿ ತಾನು ಕೆಡಿಸಿದ್ದು, ದನಗಳ ಬಾನಿಗೆ ಸುರಿಯಲು. ದಾರಿಯಲ್ಲಿ ಮೆಟ್ಟಿಲ ಹತ್ತಿರ ನಿಂತ. ಒಳಗಿನ ಸಂತೋಷವನ್ನು ಹೇಳದೆ ಮುಂದೆ ಹೋಗಲು ಅವನಿಂದಾಗಲಿಲ್ಲ.

“ಉಂಡಳ್ರಿ, ಅವ್ವಾರ. ನಾ ಕೇಳಲಿಲ್ಲ. ತಾನ ತಗೊಂಡು ಉಂಡಳ್ರಿ.”

“ಸಪ್ಪಳ ಇಲ್ಲಿತನ ಬಂತು.”

“ಅಂಚು ಕೆಳಗ ಮಾಡಿ ಕೈ ಬಿಡಬೇಕಂತ್ರಿ, ಇಷ್ಟ ಅದರ ಗುಟ್ಟು. ನೀವು ಮೊದಲ ಹೇಳಿದ್ದರ ಎಷ್ಟು ಎಣ್ಣಿ ಉಳೀತಿತ್ತು.”

“ಹೌದು,” ಅಂದರು ಅವ್ವಾರು. “ಎಣ್ಣಿ ಉಳೀತಿತ್ತು.”

ಅಡಿವೆಪ್ಪ ನಗಹೋದವನು ನಗಲಿಲ್ಲ. ಒಂದು ಗಳಿಗೆ ತೆರೆದ ಕದವನ್ನು ನೆನೆದ. ಆಮೇಲೆ ಮೆಟ್ಟಿಲ ಮೇಲೆ ಕೂತು, ತಾಟನ್ನು ತೊಡೆಯ ಮೇಲೆ ಇಟ್ಟುಕೊಂಡ.

“ಇನ್ನ ನಾ ಉಣ್ಣಲೇನ್ರಿ? ಎಲ್ಲಾರದೂ ಆತ್ರಿ.”

“ಎಲ್ಲಾರದೂ?”

“ಹೌದ್ರಿ.”

“ನನ್ನದು?”

“ನಿಮ್ಮ ತಾಟು ದಿನಾ ನಾನ ತಂದಿಡತೀನಲ್ರಿ. ಖಾಲಿ ತಾಟು ನಾನ ಒಯ್ದೀನಿ.”

ಅವ್ವಾರು ನೀರಿನ ಕಡೆ ನೋಡಿದರು. ಅಡಿವೆಪ್ಪನೂ ನೋಡಿದ. ಮೆಟ್ಟಿಲ ಬುಡದಲ್ಲಿ ಮೀನುಗಳು ಎಂದಿಗಿಂತ ದಟ್ಟವಾಗಿ ನೆರೆದು, ಅವರ ಪಾದದ ಸುತ್ತ ಕಾಯುತ್ತಿದ್ದವು.

ಬಾಯಿಗೆ ಎತ್ತಿದ್ದ ಸುರುಳಿ ತಾಟಿಗೆ ಇಳಿಯಿತು. ಈ ಒಲೆ ತನಗಿಂತ ಮೊದಲು ಯಾರ ಕೈಯಲ್ಲಿತ್ತು ಅನ್ನುವುದು ಅವನಿಗೆ ಆಗ ನೆನಪಾಯಿತು. ನಾಲ್ಕು ದಿನ ತನ್ನಂತೆಯೇ ಉಪವಾಸವಿದ್ದವರ ಮುಂದೆ ತನ್ನ ಹೊಟ್ಟೆಯ ಸುದ್ದಿ ಹೇಳಿಕೊಂಡು ನಿಂತಿದ್ದೆ ಅನ್ನುವುದೂ ಹೊಳೆಯಿತು. ಕಣ್ಣು ತುಂಬಿ ಬಂದವು. ಒಳ್ಳೆಯ ತಾಟನ್ನು ಎರಡೂ ಕೈಯಿಂದ ಅವರ ಮುಂದೆ ಹಿಡಿದ.

ಅವ್ವಾರು ಅದನ್ನು ಮೆಲ್ಲಗೆ ಅವನ ಕಡೆಗೇ ಸರಿಸಿ, ಬಾನಿಗೆ ಹೊರಟಿದ್ದ ತಾಟಿನತ್ತ ಕೈ ಚಾಚಿದರು.

“ನನಗ ನೀ ಮಾಡಿದ್ದು ಕೊಡು,” ಅಂದರು. “ಬಿಚ್ಚಿಕೊಂಡಿದ್ದು.”